ಬಡಗಿಯ ತೊಲೆಯಲ್ಲಿ ಬಡಗಿ ದುಂಬಿ

ಬದನೆ ಗಿಡ ಮೈತುಂಬ ಹೂ ಬಿಡುತ್ತದೆ, ಕಾಯಿ ಮಾತ್ರ ಕಚ್ಚುವುದಿಲ್ಲ. ನೀರು ಹಾಕಿದ್ದಾಯಿತು, ಗೊಬ್ಬರ ಹಾಕಿದ್ದಾಯಿತು, ಬುಡ ಕೆದಕಿದ್ದೂ ಆಯಿತು. ಆದರೂ ಬೆಳಗಾದರೆ ನೇರಳೆ ಹೂಗಳು ತೊಟ್ಟು ಸಮೇತ ನೆಲದ ಮೇಲೆ. ಈ ಕಷ್ಟ ನಿಮ್ಮ ಹಿತ್ತಲಿನಲ್ಲೂ ಇರಬಹುದು. ನಮ್ಮ ಬಡಗಿಯ ಹೆಂಡತಿಯ ಹಿತ್ತಲಿನಲ್ಲಿ ಎರಡು ವರ್ಷದಿಂದ ಇತ್ತು.

ಬಡಗಿಗೆ ಆ ಹಿತ್ತಲಿನ ಮೇಲೆ ಮೊದಲಿನಿಂದಲೂ ಕಣ್ಣು. ಅವನ ಕೆಲಸದ ಶೆಡ್ಡು ಮನೆಗೆ ಅಂಟಿಕೊಂಡೇ ಇತ್ತು, ಹಲಗೆಗಳು ಪೇರಿಸಿ ಪೇರಿಸಿ ಬಾಗಿಲಿನ ತನಕ ಬಂದಿದ್ದವು. ಈ ಸಲವೂ ಕಾಯಿ ಬಿಡದಿದ್ದರೆ ಗಿಡ ಕಿತ್ತು ಅಲ್ಲಿ ಹಲಗೆ ಪೇರಿಸುತ್ತೇನೆ ಎಂದು ಅವನು ಕಡ್ಡಿ ಮುರಿದಂತೆ ಹೇಳಿಬಿಟ್ಟಿದ್ದ. ಅವಳು ತಲೆಯಾಡಿಸಿದ್ದಳು. ಮದುವೆಯಾಗಿ ಬಂದ ಮೇಲೆ ಆ ಮನೆಯಲ್ಲಿ ನನ್ನದು ಎಂದು ಅವಳು ಹೇಳಿಕೊಳ್ಳುವುದಿದ್ದರೆ ಆ ಹತ್ತು ಹೆಜ್ಜೆ ಮಣ್ಣು ಮಾತ್ರ. ಬಡಗಿಗೆ ಇದು ಗೊತ್ತಿರಲಿಲ್ಲ ಎಂದಲ್ಲ. ಗೊತ್ತಿದ್ದೂ ಆ ಕಡೆ ನೋಡದೆ ಓಡಾಡುತ್ತಿದ್ದ.

ಅವನಿಗೂ ಒಂದು ತಲೆನೋವಿತ್ತು. ಶೆಡ್ಡಿನ ತೊಲೆಗಳಲ್ಲಿ ಕರೀ ದುಂಬಿಗಳು ಕಿರುಬೆರಳು ಹೊಗುವಷ್ಟು ತೂತು ಕೊರೆಯುತ್ತಿದ್ದವು. ಅದರ ಪುಡಿ ನೇರವಾಗಿ ಆಗತಾನೇ ಪಾಲಿಶ್ ಹಾಕಿದ ಮೇಜಿನ ಮೇಲೆ. ಮರದ ಕೆಲಸ ಮಾಡುವವನ ಮನೆಯಲ್ಲೇ ಮರಕ್ಕೆ ತೂತು ಎಂದರೆ ಗಿರಾಕಿಗಳು ನಗುವುದಿಲ್ಲವೇ? ಎರಡು ವರ್ಷದ ಹಿಂದೆ ಅವನು ಮರದ ಹೊಟ್ಟಿಗೆ ಅಂಟು ಕಲಸಿ ಎಲ್ಲ ತೂತುಗಳನ್ನೂ ಗಿಡಿದು ಮುಚ್ಚಿ, ಮೇಲೆ ಒಂದೊಂದು ತಗಡಿನ ತುಂಡು ಬಡಿದಿದ್ದ. ಆಮೇಲೂ ಎಲ್ಲಿ ಹೊಸ ತೂತು ಕಂಡರೂ ಅದೇ ಮದ್ದು.

ಒಂದು ಬೆಳಿಗ್ಗೆ ವಾಚಕ್ಕ ಬಂದಳು. ಮೂಲೆಯ ಅಂಗಡಿಯಲ್ಲಿ ವಾಚ್ ರಿಪೇರಿ ಮಾಡುವವಳು, ಆದ್ದರಿಂದ ಬೀದಿಗೆಲ್ಲ ವಾಚಕ್ಕ. ಭಾನುವಾರ ಬಂದರೆ ಕೃಷಿ ಕಚೇರಿಯವರ ಜೊತೆ ಹುಳ ಎಣಿಸಲು ಹೊರಡುವ ಹುಚ್ಚು ಅವಳಿಗೆ. ಅವಳ ಸ್ಟೂಲಿನ ಕಾಲು ಅಲ್ಲಾಡುತ್ತಿತ್ತು, ಸರಿ ಮಾಡಿಸಲು ತಂದಿದ್ದಳು. ಅಷ್ಟರಲ್ಲಿ ಒಂದು ದುಂಬಿ ಎಲ್ಲಿಂದಲೋ ಬಂದು ಬಡಗಿಯ ಮೂಗಿನ ಮುಂದೆ ನಿಂತಲ್ಲೇ ಗುಂಯ್‌ಗುಟ್ಟತೊಡಗಿತು. ಅವನು ಹಲಗೆ ಚೂರು ಎತ್ತಿದ.

“ಹೊಡೀಬೇಡ ತಮ್ಮ,” ಎಂದಳು ವಾಚಕ್ಕ. “ಇದು ಗಂಡು, ಜಾಗ ಕಾಯ್ತಾ ಇದೆ. ಗಂಡಿಗೆ ಚುಚ್ಚೋ ಮುಳ್ಳೇ ಇರಲ್ಲ. ಬರೀ ಬಾಯಿಜೋರು.”

“ಅದೇನು ಹೊಸದಲ್ಲ ಬಿಡಿ ಅಕ್ಕ,” ಎಂದಳು ಒಳಗಿನಿಂದ ಹೆಂಡತಿ.

ಹೆಣ್ಣಿಗೆ ಮುಳ್ಳಿದೆ, ಆದರೆ ಕೈಯಲ್ಲಿ ಹಿಡಿದು ಹಿಂಡಿದ ಹೊರತು ಅದು ಚುಚ್ಚುವುದಿಲ್ಲ ಎಂದು ವಾಚಕ್ಕ ವಿವರಿಸಿದಳು. ಬಡಗಿಗೆ ನಂಬಿಕೆ ಬರಲಿಲ್ಲ. ಇದೂ ಒಂದು ಕಣಜ ತಾನೇ ಎಂದ. ವಾಚಕ್ಕ ಚೀಲದಿಂದ ವಾಚ್ ನೋಡುವ ಮಸೂರ ತೆಗೆದು, ಕಿಟಕಿಯ ಬಳಿ ಸತ್ತುಬಿದ್ದಿದ್ದ ಹುಳಗಳನ್ನು ಕಾಗದದ ಮೇಲೆ ಹರಡಿ ಅವನ ಕಣ್ಣಿಗೆ ಹಿಡಿದಳು. ನುಣುಪು ಮೈ, ದಾರದಂಥ ಸೊಂಟ ಇದ್ದರೆ ಕಣಜ. ಮೈಮೇಲೆ ರೋಮ ಇದ್ದು, ಕಾಲಿಗೋ ಹೊಟ್ಟೆಯಡಿಗೋ ಹಳದಿ ಹುಡಿ ಮೆತ್ತಿದ್ದರೆ ಜೇನಿನ ಬಳಗ. ಎರಡೇ ರೆಕ್ಕೆ, ಮೋಟು ಮೀಸೆ, ಮುಖವೆಲ್ಲ ಕಣ್ಣು ಆಗಿದ್ದರೆ ಅದು ಜೇನಿನ ವೇಷ ಹಾಕಿದ ನೊಣ. ಚಳಿ ಬೆಟ್ಟಗಳ ಕಡೆ ಹೊಟ್ಟೆಯ ಮೇಲೂ ದಟ್ಟ ತುಪ್ಪಳ ಹೊದ್ದ ದುಂಬಿಗಳಿವೆಯಂತೆ, ನೆಲದ ಬಿಲದಲ್ಲಿ ಒಟ್ಟಾಗಿ ಸಂಸಾರ ಮಾಡುತ್ತವಂತೆ. ನಮ್ಮ ಈ ಕರಿಯನ ಹೊಟ್ಟೆ ಬೋಳು, ಪಾಲಿಶ್ ಹಾಕಿದ ಹಾಗೆ ಹೊಳೆಯುತ್ತದೆ.

“ಇದರ ಹೆಸರೇ ಬಡಗಿ ದುಂಬಿ ಕಣೋ,” ಎಂದಳು ವಾಚಕ್ಕ. ಬಡಗಿಗೆ ನಗಬೇಕೋ ಸಿಟ್ಟಾಗಬೇಕೋ ತಿಳಿಯಲಿಲ್ಲ.

ಅವಳು ಹಿತ್ತಲಿಗೂ ಹೋದಳು. ಗುಲಾಬಿ ಎಲೆಯ ಅಂಚಿನಲ್ಲಿ ನಾಣ್ಯದಂತೆ ದುಂಡಗೆ ಕತ್ತರಿಸಿದ ಗುರುತು ತೋರಿಸಿ, ಇದು ಎಲೆಕತ್ತರಿ ಜೇನಿನ ಕೆಲಸ, ಮರಿಗೆ ತೊಟ್ಟಿಲು ಮಾಡಲು ಒಯ್ದಿದೆ ಎಂದಳು. ಬೇಲಿಯ ಬುಡದ ಬೋಳು ಮಣ್ಣಿನಲ್ಲಿ ಸಣ್ಣ ಬಿಲ, ಅದರಿಂದ ಹೊಟ್ಟೆಗೆ ನೀಲಿ ಪಟ್ಟೆ ಸುತ್ತಿಕೊಂಡ ಒಂದು ಪುಟ್ಟ ಜೇನು ಹಾರಿತು. ಅಂಥ ಬಣ್ಣ ಬಡಗಿ ತನ್ನ ಯಾವ ಡಬ್ಬಿಯಲ್ಲೂ ಕಂಡಿರಲಿಲ್ಲ. ಇಷ್ಟು ವರ್ಷ ಇವೆಲ್ಲ ನನ್ನ ಕಾಲಡಿಯೇ ಇದ್ದವೇ ಎಂದು ಅವನಿಗೆ ನಿಜಕ್ಕೂ ಸೋಜಿಗವಾಯಿತು.

ಆಗ ಹೆಂಡತಿ ಉದುರಿದ ಹೂಗಳನ್ನು ಅಂಗೈಯಲ್ಲಿ ತಂದು ತೋರಿಸಿದಳು. ಊರವರು ಪೆಟ್ಟಿಗೆಯಲ್ಲಿ ಸಾಕಿದ ಜೇನು ದಿನವೂ ಬರುತ್ತದಲ್ಲ, ಮತ್ತೆ ಯಾಕೆ ಹೀಗೆ ಎಂದು ಬಡಗಿ ಕೇಳಿದ.

“ಬರುತ್ತೆ. ಆದ್ರೆ ಬದನೆ ಹೂವಿನ ಪರಾಗ ಕೊಳವೆ ಒಳಗಿರುತ್ತೆ. ತುದೀಲಿ ಸೂಜಿಮೊನೆಯಷ್ಟು ತೂತು. ಹೂವನ್ನ ಅಪ್ಪಿ ಹಿಡಿದು ಮೈ ನಡುಗಿಸಿದ್ರೆ ಚೆನ್ನಾಗಿ ಉದುರೋದು. ಆ ವಿದ್ಯೆ ಸಾಕಿದ ಜೇನಿಗೆ ಬರಲ್ಲ, ದುಂಬಿಗೆ, ನೀಲಿ ಪಟ್ಟೆಯವಕ್ಕೆ ಬರುತ್ತೆ, ಆದ್ರೆ ಇಲ್ಲಿ ಅವು ಒಂದೋ ಎರಡೋ. ನಿನ್ನ ಗಡ್ಡದ ಟ್ರಿಮ್ಮರ್ ತಾ.”

ಟ್ರಿಮ್ಮರ್ ಬಂತು. ವಾಚಕ್ಕ ಅದರ ಬೆನ್ನನ್ನು ಹೂವಿನ ತೊಟ್ಟಿಗೆ ಮೆಲ್ಲಗೆ ತಾಗಿಸಿ, ಕೆಳಗೆ ಕಪ್ಪು ಬಟ್ಟೆ ಹಿಡಿಯಲು ಅವನಿಗೆ ಹೇಳಿದಳು. ಗುಂಯ್ ಎನ್ನುತ್ತಲೇ ಬಟ್ಟೆಯ ಮೇಲೆ ಹಳದಿ ಹುಡಿ ಉದುರಿತು. ಬರೀ ಗಾಳಿಗೆ ಹೂ ಅಲ್ಲಾಡಿದಾಗ ಅಷ್ಟೊಂದು ಉದುರಿದ್ದನ್ನು ಅವನು ನೋಡಿರಲಿಲ್ಲ.

ಹೆಂಡತಿ ಆ ಹುಡಿಯನ್ನೇ ನೋಡುತ್ತ ನಿಂತಳು. ಆಮೇಲೆ ನಿಧಾನವಾಗಿ ಕೇಳಿದಳು. “ರೀ, ನೀವು ತಗಡು ಬಡಿದು ಎಷ್ಟು ವರ್ಷ ಆಯ್ತು?”

ಬಡಗಿ ಸೀದಾ ಶೆಡ್ಡಿಗೆ ಹೋಗಿ, ಹೋದ ತಿಂಗಳು ಬದಲಾಯಿಸಿ ಮೂಲೆಗೆ ಹಾಕಿದ್ದ ಹಳೆಯ ತೊಲೆಯನ್ನು ಎಳೆದು, ತಗಡಿದ್ದ ಕಡೆ ಉದ್ದಕ್ಕೆ ಸೀಳಿದ. ತೂತು ಬೆರಳಿನ ಒಂದು ಗೆಣ್ಣಿನಷ್ಟು ನೇರ ಹೋಗಿ, ಅಲ್ಲಿಂದ ಮರದ ನಾರು ಹಿಡಿದು ಥಟ್ಟನೆ ತಿರುಗಿತ್ತು. ಒಳಗೋಡೆಗೆ ಬೆರಳು ಸವರಿದ, ನುಣ್ಣಗಿತ್ತು. ಅಳತೆಪಟ್ಟಿ ಇಲ್ಲ, ಉಳಿ ಇಲ್ಲ, ಬರೀ ದವಡೆ. ಒಳಗೆ ಸಾಲಾಗಿ ಕೋಣೆಗಳು, ನಡುವೆ ಮರದ ಹೊಟ್ಟಿಗೆ ಎಂಜಲು ಕಲಸಿ ಕಟ್ಟಿದ ಅಡ್ಡಗೋಡೆ. ಹೊಟ್ಟಿಗೆ ಅಂಟು ಕಲಸುವುದನ್ನು ಅವನು ಗುರುವಿನ ಹತ್ತಿರ ಏಟು ತಿಂದು ಕಲಿತಿದ್ದ. ಇದಕ್ಕೆ ಯಾರು ಕಲಿಸಿದರು? ಇಂಥ ಕೆಲಸಗಾರನಿಗೆ ಕೈಮುಗಿಯಬೇಕು ಎನಿಸಿತು.

ತೂತಿನ ಬಾಯಿಯ ಹತ್ತಿರ ನಾಲ್ಕು ದುಂಬಿಗಳಿದ್ದವು. ಬೆಳೆದು ರೆಕ್ಕೆ ಬಲಿತವು, ಒಂದರ ಹಿಂದೆ ಒಂದು, ಸತ್ತು ಒಣಗಿದ್ದವು. ಅವನು ಗಿಡಿದ ಹೊಟ್ಟನ್ನು ಅವು ಪೂರ್ತಿ ಕೊರೆದು ಮುಗಿಸಿದ್ದವು. ಮುಂದಿನದರ ಹಣೆ ತಗಡಿಗೆ ತಾಗಿತ್ತು.

ಅವನು ಅಲ್ಲೇ ಕೂತ. “ತಗಡಿನ ತನಕ ಬಂದಿದ್ದಾವೆ ಕಣೇ,” ಎಂದ.

ಹೆಂಡತಿ ಮೊಳೆ ಕೀಳುವ ಇಕ್ಕಳ ತಂದು ಅವನ ಕೈಗಿಟ್ಟಳು.

ಅಂದು ಮಧ್ಯಾಹ್ನದ ಊಟಕ್ಕೂ ಏಳದೆ ಅವನು ಎಲ್ಲ ತಗಡುಗಳನ್ನೂ ಕಿತ್ತ. ಉಳಿಸಿಕೊಳ್ಳಬೇಕಾದ ತೊಲೆಗಳಲ್ಲಿ ತೂತಿಲ್ಲದ ಕಡೆಗೆಲ್ಲ ಬಣ್ಣ ಬಳಿದ, ಬಣ್ಣದ ಮರ ದುಂಬಿಗೆ ಅಷ್ಟಾಗಿ ಹಿಡಿಸುವುದಿಲ್ಲ. ಹಳೆಯ ಮೆದು ಮರದ ತುಂಡೊಂದನ್ನು ಹಿತ್ತಲಿನ ಬೇಲಿಗೆ ಕಟ್ಟಿದ. ದುಂಬಿಗಳು ಮರಳುವ ತನಕ ಬೆಳಿಗ್ಗೆ ಬೆಳಿಗ್ಗೆ ಹೂವಿಗೆ ಟ್ರಿಮ್ಮರ್ ಹಿಡಿಯುವ ಕೆಲಸವೂ ಅವನ ಪಾಲಿಗೆ ಬಂತು. ಗಡ್ಡ ಬೆಳೆಯಿತು, ಬೀದಿಯವರು ನಕ್ಕರು, ಅವನು ಬಿಡಲಿಲ್ಲ.

ಕೆಲವು ವಾರಗಳಲ್ಲಿ ಬೇಲಿಯ ತುಂಡಿನಲ್ಲಿ ದುಂಡನೆಯ ತೂತು ಕಾಣಿಸಿತು. ಗಿಡದಲ್ಲಿ ಕಾಯಿ ಕಚ್ಚಿತು, ಕೊಂಬೆಗೆ ಕೋಲು ಆನಿಸಬೇಕಾಯಿತು. ಒಂದು ದಿನ ಹೆಂಡತಿ ಹಿತ್ತಲಿನಿಂದ ಬರುವಾಗ ಅವನು ಗೋಡೆಗೆ ಎತ್ತರದಲ್ಲಿ ಹಲಗೆ ಇಡುವ ಅಟ್ಟಣೆ ಬಡಿಯುತ್ತಿದ್ದ. ಏನಿದು ಎಂದು ಕೇಳಿದಳು.

“ಹಿತ್ತಲು ನಿಂದು,” ಎಂದ ಅವನು, ತಿರುಗದೆಯೇ. “ನನ್ನ ಹಲಗೆಗೆ ನಾನು ಜಾಗ ಮಾಡ್ಕೋತೀನಿ.”

ಅಕ್ಕಂದಿರೇ, ಅಣ್ಣಂದಿರೇ, ಈಗ ನಿಮಗೊಂದು ಮಾತು. ಹಿತ್ತಲಲ್ಲಿ ಒಂದು ಹಳೆ ಮರದ ತುಂಡು ಇರಲಿ, ಒಂದು ಮೂಲೆಯ ಮಣ್ಣನ್ನು ಅಗೆಯದೆ ಬಿಡಿ. ಗಿಡ ಹೂವಲ್ಲಿದ್ದಾಗ ವಿಷ ಸಿಂಪಡಿಸಬೇಡಿ. ಗುಂಪು ಕಟ್ಟಿದ ಹೆಜ್ಜೇನಿನ ಗೂಡಿಗೆ ಮಾತ್ರ ದೂರದಿಂದಲೇ ನಮಸ್ಕಾರ ಹೇಳಿ. ಯಾವ ಹುಳ ಕಚ್ಚಿದರೂ ಸರಿ, ಉಸಿರು ಕಟ್ಟಿದರೆ, ಮುಖ ಊದಿದರೆ ತಡಮಾಡದೆ ಆಸ್ಪತ್ರೆಗೆ ಹೋಗಿ. ಮತ್ತೆ, ಮರದ ತೂತು ಮುಚ್ಚಲು ಕೈ ಎತ್ತುವ ಮೊದಲು ಒಂದು ಗಳಿಗೆ ಕಿವಿಯಿಟ್ಟು ಕೇಳಿ. ಒಳಗೆ ಯಾರೋ ಕೆಲಸದಲ್ಲಿರಬಹುದು. ಅವರ ಕೆಲಸ ನಿಂತರೆ ನಿಮ್ಮ ಗಿಡದ ಹೂ ನೆಲಕ್ಕೆ ಬೀಳುತ್ತದೆ.