ಜಪಾರನೊಬ್ಬನೇ ಕೊಟ್ಟ ಮುಯ್ಯಿ

ನಾನು ಬರೆದ ಲೈಬ್ರರಿಯ ಬಗ್ಗೆ ನನಗೆ ಸ್ವಲ್ಪ ಜಂಬವಿತ್ತು, ಒಪ್ಪಿಕೊಳ್ಳುತ್ತೇನೆ. ಪುಸ್ತಕ ಜೋಡಿಸಿಡುವ ಲೈಬ್ರರಿಯಲ್ಲ. ಬ್ಯಾಂಕು ಕಳಿಸುವ ಪಟ್ಟಿಯನ್ನು ಓದಿ, ಲೆಕ್ಕ ಬರೆಯುವ ತಂತ್ರಾಂಶಕ್ಕೆ ತುಂಬಿಸುವ ನಾಲ್ಕು ಪುಟ್ಟ ಕೋಡ್ ಕಡತಗಳು. ನಮ್ಮ ಬಿಷ್ಕೆಕ್ ನಗರದ ಹತ್ತಾರು ಅಂಗಡಿಗಳು ಅದನ್ನು ಪುಕ್ಕಟೆ ಬಳಸುತ್ತವೆ, ಒಬ್ಬರೂ ನನ್ನ ಹೆಸರು ಕೇಳಿಲ್ಲ. ದೊಡ್ಡಮ್ಮ ಮಾತ್ರ ಊರೆಲ್ಲ ಡಂಗುರ ಹೊಡೆದಿದ್ದಳು.

ದೊಡ್ಡಮ್ಮನ ಹೆಸರು ಶೆಕೆರ್, ಹೊಲಿಗೆ ಕಾರ್ಖಾನೆಯಲ್ಲಿ ಮೂವತ್ತು ವರ್ಷ ಲೆಕ್ಕ ಬರೆದವಳು. ನಿವೃತ್ತಿಯಾದರೂ ಚಟ ಬಿಟ್ಟಿಲ್ಲ. ಮಗ ಅದಿಲೆತ್‌ನ ಮದುವೆಗೆ ಬಂದ ಮುಯ್ಯಿಯನ್ನೂ ಕಂಪ್ಯೂಟರಿಗೇ ಹಾಕಿದಳು. ಯಾರು ಎಷ್ಟು ಕೊಟ್ಟರೆಂದು ತಿಳಿಯದಿದ್ದರೆ ನಾಳೆ ಅವರ ಮನೆಗೆ ಯಾವ ಮುಖ ಹೊತ್ತು ಹೋಗುವುದು? ಈಗ ಮುಯ್ಯಿಯೆಲ್ಲ ಫೋನಿನಲ್ಲೇ ಬ್ಯಾಂಕಿಗೆ ಬರುತ್ತದೆ. ಹಾಗಾಗಿ ನನ್ನ ಲೈಬ್ರರಿಗೆ ಕೆಲಸ ಬಿತ್ತು.

ಮೂರು ವಾರ ಕಳೆದು ಒಂದು ಶನಿವಾರ ಬೆಳಿಗ್ಗೆ ಅವಳ ಮನೆಗೆ ಹೋದೆ. ಅಂದು ಬುರುಲ್‌ಕನ್ ಮನೆಯಲ್ಲಿ ಸಮಾರಂಭ. ಹೆಜ್ಜೆ ಕಲಿತ ಮೊಮ್ಮಗನ ಕಾಲಿಗೆ ಕಟ್ಟಿದ ದಾರ ಕತ್ತರಿಸುವ ಶಾಸ್ತ್ರದ ದಿನ. ಬುರುಲ್‌ಕನ್ ಕಾರ್ಖಾನೆಯಲ್ಲಿ ದೊಡ್ಡಮ್ಮನ ಪಕ್ಕದ ಮೇಜಿನವಳು, ಹೆರಿಗೆಗೂ ಸಾವಿಗೂ ಜೊತೆಗಿದ್ದ ಗೆಳತಿ. ದೊಡ್ಡಮ್ಮ ನೋಡಿದರೆ ಹಳೇ ಅಂಗಿಯಲ್ಲಿ ಕ್ಯಾರೆಟ್ ಹೆಚ್ಚುತ್ತ ಕೂತಿದ್ದಳು.

"ಇನ್ನೂ ಹೊರಟಿಲ್ವಾ?"

"ಎಲ್ಲಿಗೆ? ಆ ಮಹಾರಾಣಿ ಮನೆಗಾ? ನನ್ನ ಮಗನ ಮದುವೇಲಿ ಕುದುರೆ ಮಾಂಸ ಚೀಲದ ತುಂಬ ತಗೊಂಡು ಹೋದ್ಲು, ಒಂದು ಸೋಮ್ ದುಡ್ಡು ಬಿಚ್ಚಲಿಲ್ಲ. ಕಾರ್ಖಾನೆಯಿಂದ ಹನ್ನೊಂದು ಜನ ಬಂದಿದ್ರು ಕಣೇ ನುರ್ಜಾತ್! ಕೊಟ್ಟಿದ್ದು ಡ್ರೈವರ್ ಜಪಾರ್ ಒಬ್ಬನೇ, ಐದು ಸಾವಿರ. ಕೊಡಬೇಡಿ ಅಂತ ಇವಳೇ ಎಲ್ಲರ ಕಿವೀಲಿ ಊದಿರೋದು."

"ಬುರುಲ್‌ಕನ್ ಹಂಗೆ ಮಾಡ್ತಾಳಾ?"

"ಮತ್ತೆ ನಿನ್ನ ಲೈಬ್ರರಿ ಸುಳ್ಳು ಹೇಳುತ್ತಾ?"

ನಕ್ಕೆ. ನಗು ಅರ್ಧಕ್ಕೇ ನಿಂತಿತು. ಕಾರ್ಖಾನೆಯವರು ಯಾವಾಗಲೂ ಮಾತಾಡಿಕೊಂಡು ಒಂದೇ ಮೊತ್ತ ಕೊಡುತ್ತಾರೆ, ಯಾರೂ ದೊಡ್ಡವರೆನಿಸಬಾರದೆಂದು. ಪಿಂಚಣಿ ಬಂದ ದಿನವೇ ಎಲ್ಲರೂ ಕಳಿಸುತ್ತಾರೆ, "ಮದುವೆಗೆ" ಎಂದು ಬರೆದು. ನನ್ನ ಲೈಬ್ರರಿ ಬಳಸುವ ಅಂಗಡಿಯವರೋ ಒಂದೇ ಪಟ್ಟಿಯನ್ನು ಎರಡೆರಡು ಸಲ ತುಂಬಿಸುವ ಮರೆಗುಳಿಗಳು. ಅದಕ್ಕೇ ದಿನ, ಮೊತ್ತ, ಟಿಪ್ಪಣಿ ಮೂರೂ ಒಂದೇ ಆಗಿದ್ದರೆ ಮೊದಲನೆಯದನ್ನು ಉಳಿಸಿ ಮಿಕ್ಕವನ್ನು ಎಸೆದುಬಿಡು ಎಂದು ಲೈಬ್ರರಿಗೆ ಕಲಿಸಿದ್ದೆ. ಕಳಿಸಿದವರ ಹೆಸರು ನೋಡು ಎಂದು ಕಲಿಸಿರಲಿಲ್ಲ.

ಬ್ಯಾಂಕಿನ ಮೂಲ ಪಟ್ಟಿ ತೆರೆದೆ. ಐದು ಸಾವಿರದ ಸಾಲು ಹನ್ನೊಂದಿದ್ದವು. ಜಪಾರನ ಕೆಳಗೇ ಬುರುಲ್‌ಕನ್.

"ದೊಡ್ಡಮ್ಮ, ತಪ್ಪು ನಂದು. ಎಲ್ಲರೂ ಕೊಟ್ಟಿದ್ದಾರೆ."

ಅವಳು ಕನ್ನಡಕ ಏರಿಸಿ, ಒಂದೊಂದೇ ಹೆಸರಿನ ಮೇಲೆ ಬೆರಳಿಟ್ಟು ಓದಿದಳು. "ಅಯ್ಯೋ ಕತ್ತೆ! ಹತ್ತು ಜನರನ್ನ ನುಂಗಿ ನೀರು ಕುಡಿದ್ಯಲ್ಲೇ!" ಎಂದವಳೇ ಒಳ್ಳೆಯ ಬಟ್ಟೆ ಹುಡುಕಲು ಓಡಿದಳು.

ಮಾರ್ಶ್ರುತ್ಕಾ ವ್ಯಾನು ಹಿಡಿದು ತಲುಪುವಷ್ಟರಲ್ಲಿ ದಾರ ಕತ್ತರಿಸಿ ಆಗಿತ್ತು. ಬುರುಲ್‌ಕನ್ ಅಂಗಳದ ಹಂಡೆಯ ಹತ್ತಿರ ನಿಂತಿದ್ದಳು. ನಾನೇ ಮುಂದೆ ಹೋಗಿ ಒಂದೇ ಉಸಿರಿನಲ್ಲಿ ಎಲ್ಲ ಹೇಳಿಬಿಟ್ಟೆ.

"ಜಪಾರ್ ಒಬ್ಬನೇನಾ? ಆ ಜಿಪುಣನಾ!" ಅವಳು ಹೊಟ್ಟೆ ಹಿಡಿದು ನಕ್ಕಳು. ಆಮೇಲೆ ದೊಡ್ಡಮ್ಮನ ಕಡೆ ತಿರುಗಿದಳು, ನಗು ಇರಲಿಲ್ಲ. "ಅದಕ್ಕಾ ಮೊನ್ನೆ ಕರೆಯೋಕೆ ಬಂದ್ರೆ ಬಾಗಿಲಲ್ಲೇ ನಿಲ್ಲಿಸಿ ಕಳಿಸಿದ್ದು? ನನ್ನನ್ನ ಕೇಳಬಹುದಿತ್ತಲ್ಲೇ ಶೆಕೆರ್."

"ಕೇಳೋಕೆ ನಾಚಿಕೆ ಆಯ್ತು ಕಣೇ."

"ಕೇಳೋಕೆ ನಾಚಿಕೆ. ಅನುಮಾನ ಪಡೋಕೆ ನಾಚಿಕೆ ಆಗಲಿಲ್ವಾ?"

ನನಗಂತೂ ಭೂಮಿ ಬಾಯ್ತೆರೆದರೆ ಸಾಕಿತ್ತು. ಬುರುಲ್‌ಕನ್ ಅತಿಥಿಗಳ ಕಡೆ ಹೋದಳು.

ದೊಡ್ಡಮ್ಮ ಮನೆಗೆ ಹೊರಡಲಿಲ್ಲ, ಊಟಕ್ಕೂ ಕೂರಲಿಲ್ಲ. ಒಳ್ಳೆಯ ಬಟ್ಟೆಯ ತೋಳು ಮಡಚಿ, ನಲ್ಲಿಯ ಹತ್ತಿರ ಕುಕ್ಕರಗಾಲಲ್ಲಿ ಕೂತು ಚಹಾ ಬಟ್ಟಲು ತೊಳೆಯತೊಡಗಿದಳು. ಜನ ಕರಗಿದ ಮೇಲೆ ಬುರುಲ್‌ಕನ್ ಬಂದು ಪಕ್ಕದಲ್ಲಿ ಕೂತಳು, ತೊಳೆದ ಬಟ್ಟಲು ಒರೆಸತೊಡಗಿದಳು.

"ನಂಗಿನ್ನೂ ಕೋಪ ಹೋಗಿಲ್ಲ," ಎಂದಳು.

"ಇರಲಿ," ಎಂದಳು ದೊಡ್ಡಮ್ಮ. "ಹೋಗೋವರೆಗೂ ಇಲ್ಲೇ ಕೂತಿರ್ತೀನಿ."