ಖಾಲಿ ಬಂದ ಡಬ್ಬಿ

ಸೆಂಟಿನ ವಾಸನೆ — ಮನುಷ್ಯರು ಇನ್ನೂ ಬಾಗಿಲು ದಾಟಿ ಬಂದಿಲ್ಲ, ವಾಸನೆ ಮಾತ್ರ ಮೊದಲೇ ಬಂದು ಸಭೆ ನಡೆಸುತ್ತಿದೆ, ಇಲ್ಲ, ಇದು ಹೋಟೆಲಿನವರೇ ಹಾಕಿದ ಊದ್ ಧೂಪ ಇರಬೇಕು, ಫ್ಲಾವಿಯಾ ಮೂಗು ಉಜ್ಜಿದಳು, ಸೀರೆಯ ನೆರಿಗೆ ಸರಿಮಾಡಿದಳು, ಪಕ್ಕದಲ್ಲಿ ಗಂಡ ಲಾನ್ಸೆಲೊಟ್ ಮತ್ತೊಮ್ಮೆ ಟೈ ಮುಟ್ಟಿ ನೋಡಿಕೊಂಡ, ನಮ್ಮ ಮದುವೆಯ ದಿನ ಇವರು ಹೀಗೆ ಮುಟ್ಟಿಕೊಂಡದ್ದುಂಟಾ, ಅವತ್ತು ಟೈ ಓರೆ, ಆಲ್ಬಮಿನ ಎಲ್ಲ ಫೋಟೋದಲ್ಲೂ ಓರೆ, ಇವತ್ತು ಮಾತ್ರ ನೇರ, ಯಾಕೆಂದರೆ ಇವತ್ತು ಬರುವವಳು ಫ್ರಾನ್ಸಿನ ಮಂತ್ರಿ. ಮಂತ್ರಿಯಂತೆ! ಗಲ್ಫಿನ ಇದೇ ಮನಾಮಾದ ಫ್ರೆಂಚ್ ಎಂಬಸಿಯಲ್ಲಿ ಆಗ ಸಣ್ಣ ಆಫೀಸರಾಗಿದ್ದ ಸೊಲಾಂಜ್ ಮದಾಂ, ಇವರು ಅವಳ ಕಾರಿನ ಡ್ರೈವರ್, ಕರಕೊಂಡು ಹೋದದ್ದು, ಕರಕೊಂಡು ಬಂದದ್ದು, ಅಷ್ಟೇ ಸಂಬಂಧ — ಅಷ್ಟೇನಾ? — ಈಗ ಹಳೇ ಸ್ಟಾಫ್ ಎಲ್ಲರೂ ಹೆಂಡತಿ ಸಮೇತ ಬನ್ನಿ ಎಂದು ಕರೆ ಬಂದದ್ದೇ ಬಂದದ್ದು, ಸನದ್‌ನ ನಮ್ಮ ಫ್ಲ್ಯಾಟಿನಲ್ಲಿ ಒಂದು ವಾರದಿಂದ ಹಬ್ಬ. ಫ್ಲಾವಿ, ಆ ನೀಲಿ ಸೀರೆ ಬೇಡ ಮಾರಾಯ್ತಿ, ಸ್ವಲ್ಪ ಒಳ್ಳೇದು ಉಡು. ಹಠಕ್ಕೆ ಅದೇ ನೀಲಿ ಉಟ್ಟು ಬಂದಿದ್ದಾಳೆ.

ಮಗಳು ಆನ್ಸಿ ಇನ್ನೂ ಹೊಟ್ಟೆಯಲ್ಲಿದ್ದಾಗಲೇ ತನ್ನ ದೇಶಕ್ಕೆ ಹೊರಟುಹೋದ ಹೆಂಗಸು, ಹೋದವಳು ಹೋಗಬೇಕಲ್ಲ, ಎಲ್ಲಿ, ಇವರ ಮೊಬೈಲಿನಲ್ಲಿ ಬಂದು ಬಿಡಾರ ಹೂಡಿದಳು. ಮದಾಂ ಕೌನ್ಸಿಲಿಗೆ ನಿಂತರಂತೆ, ಮದಾಂ ಮೇಯರ್ ಆದರಂತೆ, ಸಣ್ಣ ಊರು, ನಮ್ಮ ಕಿನ್ನಿಗೋಳಿಯಷ್ಟು ಇರಬಹುದು, ಆದರೂ ಮೇಯರ್ ಮೇಯರೇ ಅಲ್ವಾ, ಎಂದು ಮೀನು ಸಾರಿನ ಬಟ್ಟಲಿನ ಮೇಲೆಯೇ ಫೋನ್ ಹಿಡಿಯುವುದು. ಪಾರ್ಲಿಮೆಂಟಿಗೆ ನಿಂತು ಸೋತಾಗ ಇವರಿಗೆ ಊಟ ಸೇರಲಿಲ್ಲ, ಛೆ, ಸ್ವಲ್ಪದರಲ್ಲಿ ಹೋಯ್ತು ಎಂದು ಸೋಫಾದ ಮೇಲೆ ಮುದುಡಿ ಕೂತರು, ಆ ಮೇಲಿನ ವರ್ಷ ಫ್ಲಾವಿಯಾಗೆ ಸಿಗಬೇಕಾದ ಹೆಡ್ ನರ್ಸ್ ಕೆಲಸ ಜೊತೆಗಿದ್ದ ರೋಶೆಲ್‌ಗೆ ಹೋದಾಗ ಮಾತ್ರ, ಹೋಗ್ಲಿ ಬಿಡು, ಮುಂದಿನ ಸಲ ನೋಡುವ, ಸ್ವಲ್ಪ ಸಾರು ಬಡಿಸು. ಸೋತವಳು ಗೆದ್ದಳು, ಕಿರಿಯ ಮಂತ್ರಿಯಾದಳು, ಸರಕಾರ ಬಿದ್ದು ಮನೆ ಸೇರಿದಳು, ಆ ಶುಕ್ರವಾರ ಇಗರ್ಜಿಯಲ್ಲಿ ಮೊಣಕಾಲೂರಿ ಫ್ಲಾವಿಯಾ ಹೇಳಿದ್ದುಂಟು, ದೇವರೇ, ತಪ್ಪು ನನ್ನದು, ಕ್ಷಮಿಸು, ಆದರೂ ಥ್ಯಾಂಕ್ಸ್. ದೇವರು ಕೇಳಬೇಕಲ್ಲ! ಈಗ ಪೂರ್ತಿ ಮಂತ್ರಿ, ವ್ಯಾಪಾರದ ಖಾತೆ. ಆನ್ಸಿ ಬಿದ್ದು ಬಿದ್ದು ನಗುತ್ತಾಳೆ, ಮಮ್ಮಾ, ಯು ಆರ್ ಜೆಲಸ್ ಆಫ್ ಎ ಮಿನಿಸ್ಟರ್, ಸೋ ಫನ್ನಿ. ಹೌದಮ್ಮಾ, ಹೊಟ್ಟೆಕಿಚ್ಚು, ಇಲ್ಲ ಎಂದವರು ಯಾರು, ನಿನ್ನ ಅಪ್ಪ ನನ್ನ ಹುಟ್ಟಿದ ದಿನ ಮರೆಯುತ್ತಾರೆ, ಅವಳ ಓಟಿನ ದಿನ ಮರೆಯುವುದಿಲ್ಲ.

ಮತ್ತೆ ಡಬ್ಬಿಯ ವಿಷಯ — ಅದನ್ನು ನೆನೆದರೆ ಈಗಲೂ ಮೈಯೆಲ್ಲ ಉರಿ. ಪಾಪ ಮದಾಂ, ಮಧ್ಯಾಹ್ನ ಬರೀ ಬ್ರೆಡ್ಡು ತಿಂತಾರೆ, ಒಂಟಿ ಹೆಂಗಸು, ನೀನು ಮಾಡುವಾಗ ಅವರಿಗೂ ಸ್ವಲ್ಪ ಹಾಕಿ ಕೊಡ್ತಿಯಾ ಫ್ಲಾವಿ, ಎಂದು ಇವರೇ ಕೇಳಿದ್ದು, ಹೊಸತಾಗಿ ಮದುವೆಯಾದವಳು, ಇಲ್ಲ ಎನ್ನಲು ಬಾಯಿ ಬರಲಿಲ್ಲ, ಡ್ಯೂಟಿಗೆ ಹೋಗುವ ಮೊದಲೇ ಎದ್ದು ಇಡ್ಲಿಯಂಥ ಸಾನ್ನ, ಬಂಗುಡೆ ಮೀನಿನ ಗಸಿ, ತಾಯಿಯ ಮನೆಯಿಂದ ತಂದ ಸ್ಟೀಲಿನ ಡಬ್ಬಿಯಲ್ಲಿ ಹಾಕಿ ಕೊಟ್ಟದ್ದು, ಸಂಜೆ ಡಬ್ಬಿ ವಾಪಸ್ ಬರುತ್ತಿತ್ತು, ತೊಳೆದು, ಒರೆಸಿ, ಖಾಲಿ. ಖಾಲಿ! ನಮ್ಮಲ್ಲಿ ನೆರೆಮನೆಯ ಪಾತ್ರೆಯನ್ನು ಯಾರಾದರೂ ಖಾಲಿ ಕೊಡುತ್ತಾರಾ, ಏನೂ ಇಲ್ಲದವರು ಚಿಟಿಕೆ ಸಕ್ಕರೆಯನ್ನಾದರೂ ಹಾಕಿ ಕೊಡುತ್ತಾರೆ, ಇಷ್ಟು ಓದಿದವಳು, ದೇಶ ಆಳಲು ಹೊರಟವಳು, ಒಂದು ದಿನ, ಒಂದೇ ಒಂದು ದಿನ ಡಬ್ಬಿಯೊಳಗೆ ಏನಾದರೂ ಇಟ್ಟಳಾ? ಆದರೆ ಸಂಜೆ ಮನೆಯ ಬಾಗಿಲಲ್ಲಿ — ಇದು ಯಾರಿಗೂ ಗೊತ್ತಿಲ್ಲ, ಆನ್ಸಿಗೂ ಹೇಳಿಲ್ಲ — ಅದೇ ಬಾಗಿಲಲ್ಲಿ ಡಬ್ಬಿ ಕೈಗೆ ಕೊಟ್ಟು ಇವರು ಹೇಳುತ್ತಿದ್ದರು, ಕಣ್ಣು ಮುಚ್ಚು, ಬಾಯಿ ತೆಗಿ, ಅಂಗಿಯ ಜೇಬಿನಿಂದ ನೀಲಿ ಕಾಗದ ಬಿಡಿಸುವ ಸದ್ದು, ಆಮೇಲೆ ನಾಲಿಗೆಯ ಮೇಲೆ ಒಂದು ಸಕ್ಕರೆ ಗಟ್ಟಿ, ನಿನಗೇಂತ ತಂದೆ. ಒಂದೇ ಕೋಣೆ, ಕೂಲರಿನ ಗಲಾಟೆ, ಊರಿಗೆ ಕಳಿಸಿಬಿಡಿ ಎಂದು ದಿನಾ ಅತ್ತವಳು ಆ ಸಕ್ಕರೆಗೆ ಉಳಿದಳು, ಆ ಮೇಲೂ ಎಷ್ಟು ಸಲ ಬ್ಯಾಗ್ ತುಂಬಿಸಿದ್ದಾಳೆ, ಮಾತೇ ಆಡದ ಗಂಡ, ಮುಟ್ಟದ ಗಂಡ, ಫೋನಿನಲ್ಲಿ ಮುಳುಗಿದ ಗಂಡ, ಪ್ರತಿ ಸಲವೂ ಆ ಸಕ್ಕರೆ ನೆನಪಾಗಿ ಬ್ಯಾಗ್ ಖಾಲಿ ಮಾಡಿದ್ದಾಳೆ, ಇವರಿಗೆ ನನ್ನ ಮೇಲೆ ಪ್ರೀತಿ ಇತ್ತು ಎನ್ನಲು ಫ್ಲಾವಿಯಾಳ ಹತ್ತಿರ ಇರುವ ಸಾಕ್ಷಿ ಅದೊಂದೇ.

ಬಂದಳು, ಬಂದಳು, ಎಲ್ಲರೂ ನೆಟ್ಟಗೆ ನಿಂತರು, ಇದೇನಾ ಅವಳು, ಕೂದಲು ಬೆಳ್ಳಗೆ, ಸೊಂಟ ದಪ್ಪ, ಚಪ್ಪಟೆ ಶೂ, ಒಳ್ಳೇದಾಯ್ತು, ಥೂ ನನ್ನ ಬುದ್ಧಿಯೇ, ತೋಟ ನೋಡಿಕೊಳ್ಳುತ್ತಿದ್ದ ಸಿರಾಜನ ಕೈ ಹಿಡಿದು ಏನೋ ಕೇಳಿದಳು, ಈಗ ಇವರ ಮುಂದೆ, ಲಾನ್ಸೆಲೊಟ್, ಎಂದು ಹೆಸರು ಹಿಡಿದೇ ಕರೆದಳು, ಇವರ ಕಿವಿ ಕೆಂಪಾಯಿತು, ನೋಡು, ನೋಡು, ಮದುವೆಯ ಹುಡುಗನ ಹಾಗೆ ನಿಂತಿದ್ದಾರೆ. ಆಮೇಲೆ ಮಂತ್ರಿ ಇತ್ತ ತಿರುಗಿದಳು, ಫ್ಲಾವಿಯಾಳ ಎರಡೂ ಕೈ ಹಿಡಿದಳು, ಇಂಗ್ಲಿಷಿನಲ್ಲಿ, ನಿಧಾನವಾಗಿ, ಫ್ಲಾವಿಯಾ, ಕೊನೆಗೂ ಸಿಕ್ಕಿದೆಯಲ್ಲ, ನಿನ್ನ ಮೀನಿನ ರುಚಿ ಈಗಲೂ ನಾಲಿಗೆಯಲ್ಲಿದೆ. ನಿಮ್ಮ ಊರಲ್ಲಿ ಪಾತ್ರೆ ಖಾಲಿ ಕೊಡುವುದಿಲ್ಲ ಎಂದು ಲಾನ್ಸೆಲೊಟ್ ಹೇಳಿದ್ದ, ನನಗೆ ಅಡುಗೆ ಬರುವುದಿಲ್ಲವಲ್ಲ, ಅದಕ್ಕೆ ದಿನಾ ಡಬ್ಬಿಯೊಳಗೆ ಒಂದು ಸಕ್ಕರೆ ಗಟ್ಟಿ ಇಡುತ್ತಿದ್ದೆ, ನೀಲಿ ಕಾಗದದ್ದು, ಅಮ್ಮ ಊರಿನಿಂದ ಕಳಿಸುತ್ತಿದ್ದದ್ದು. ಅದು ನಿನಗೆ ಸೇರುತ್ತಿತ್ತಾ?

ಸೇರುತ್ತಿತ್ತು, ಮದಾಂ. ಹೇಳಿದ್ದು ತಾನೇನಾ, ಹೌದು, ತನ್ನದೇ ದನಿ, ಥ್ಯಾಂಕ್ಯೂ ಎಂದೂ ಸೇರಿಸಿತು, ಮದಾಂ ಕೈ ಅದುಮಿ ನಕ್ಕು ಮುಂದಿನವರ ಕಡೆಗೆ ಹೋದಳು, ಲಾನ್ಸೆಲೊಟ್ ನೆಲದ ಕಾರ್ಪೆಟನ್ನೇ ನೋಡುತ್ತಿದ್ದಾನೆ, ಟೈ ಇನ್ನೂ ನೇರವೇ ಇದೆ. ಫ್ಲಾವಿ, ಆಗ ನಿಂಗೆ ಕೊಡ್ಲಿಕ್ಕೆ ನನ್ನ ಹತ್ರ ಎಂತ ಇತ್ತು ಹೇಳು. ಮಾತಾಡಬೇಡಿ ನೀವು. ನೀನು ನಗುತ್ತಿದ್ದಿ ಅಲ್ವಾ, ಅದಕ್ಕೆ. ಮಾತಾಡಬೇಡಿ ಅಂದೆನಲ್ಲ. ಗಂಡನನ್ನು ಕದ್ದವಳಾಗಿದ್ದರೆ ಬಾಯಿ ತುಂಬ ಬೈಯಬಹುದಿತ್ತು, ಇವಳು ಕದ್ದಿಲ್ಲ, ಕೊಟ್ಟಿದ್ದಾಳೆ, ದಿನಾ ಕೊಟ್ಟಿದ್ದಾಳೆ, ಕದ್ದವರು ಇವರು, ನಾನು ಇಷ್ಟು ವರ್ಷ ಶಾಪ ಹಾಕಿದ್ದು ಯಾರಿಗೆ, ಬ್ಯಾಗ್ ಬಿಚ್ಚಿ ಉಳಿದದ್ದು ಯಾರ ಸಕ್ಕರೆಗೆ, ಡಬ್ಬಿ ಖಾಲಿ ಬಂದದ್ದಲ್ಲ, ಬಾಗಿಲ ಹೊರಗೆ, ಮೆಟ್ಟಿಲಲ್ಲಿ ನಿಂತು, ಡಬ್ಬಿಯಿಂದ ತೆಗೆದು ಜೇಬಿಗೆ — ಬೇರರ್ ಕಾಫಿ ತಂದ, ಬಸಿಯ ಅಂಚಿನಲ್ಲಿ ಕಾಗದ ಸುತ್ತಿದ ಸಕ್ಕರೆ, ಇವರ ಕೈ ಅದರ ಕಡೆಗೆ ಹೋಗಿ ಅರ್ಧದಲ್ಲೇ ನಿಂತಿದೆ, ಆದರೂ ಅವತ್ತಿನ ಆ ನೀಲಿ ಕಾಗದದ ಸದ್ದು ಕೇಳುತ್ತಿದೆ, ಆ ಒಂದು ಕೋಣೆಯ ಬಾಗಿಲು, ಕೈಯಲ್ಲಿ ತೊಳೆದ ಡಬ್ಬಿ, ಕಣ್ಣು ಮುಚ್ಚಿ, ಬಾಯಿ ತೆಗೆದು ನಿಂತ ಹುಡುಗಿ, ಕಣ್ಣು ಮುಚ್ಚಿ, ಬಾಯಿ ತೆಗೆದು