ದೊರೆಸಾನಿ ಬಜ್ಜಿ

ರಾಗಿ ಹೊಟ್ಟು ಉರಿಯಬಾರದು, ಹೊಗೆಯಾಡಬೇಕು. ಉರಿ ಎದ್ದರೆ ಮೀನು ಸೀದು ಹೋಗುತ್ತದೆ, ಹೊಗೆ ನಿಂತರೆ ಹಸಿಯಾಗಿಯೇ ಉಳಿಯುತ್ತದೆ. ನರಸಮ್ಮ ಹಿತ್ತಲಿನಲ್ಲಿ ತಳ ಹೋದ ಹಳೇ ಬಾನಿಯ ಮುಂದೆ ಕುಕ್ಕುರುಗಾಲಿನಲ್ಲಿ ಕೂತಿದ್ದಳು. ಹೊಟ್ಟಿನ ರಾಶಿಯಲ್ಲಿ ಎಲ್ಲಾದರೂ ಕೆಂಡ ಕಣ್ಣು ಬಿಟ್ಟರೆ ನಾಲ್ಕು ಹನಿ ನೀರು ಚಿಮುಕಿಸುವಳು, ಹೊಗೆ ಮಂಕಾದರೆ ಮಾವಿನ ಚೆಕ್ಕೆಯ ಎರಡು ಚೂರು ಹಾಕುವಳು. ಬಾನಿಯ ಬಾಯಿಗೆ ಕಬ್ಬಿಣದ ಜಾಲರಿ, ಅದರ ಮೇಲೆ ಬೆನ್ನು ಸೀಳಿದ ನಾಲ್ಕು ಕೊರಮೀನು, ಮೇಲೆ ಒದ್ದೆ ಗೋಣಿ. ಬೆಳಿಗ್ಗೆ ಕೆರೆಯಲ್ಲಿ ಬಲೆ ಬೀಸುವ ಆವುಲಪ್ಪ ತಂದಾಗ ಇನ್ನೂ ಬಾಲ ಬಡಿಯುತ್ತಿದ್ದ ಮೀನು.

ಮರುದಿನ ಶನಿವಾರ. ಹೊಸೂರಿನಲ್ಲಿ ಅವಳು ಅಡುಗೆಗೆ ಹೋಗುವ ಫ್ಯಾಕ್ಟರಿ ಗೆಸ್ಟ್ ಹೌಸಿಗೆ ಮಧ್ಯಾಹ್ನ ಹನ್ನೆರಡು ಜನ ಅತಿಥಿಗಳು ಬರುವವರಿದ್ದರು. ಊಟಕ್ಕೆ ಮೊದಲು ಬ್ರೆಡ್ಡಿಗೆ ಸವರಿಕೊಂಡು ತಿನ್ನಲು ಅವರಿಗೆ ಇದೇ ಆಗಬೇಕು. ಸುಟ್ಟ ಬದನೆಕಾಯಿಯ ಬಜ್ಜಿ ಮಾಡಿದ ಹಾಗೆ, ಹೊಗೆ ಕುಡಿದ ಮೀನನ್ನು ಬಿಡಿಸಿ, ಕೆನೆ, ಬೆಣ್ಣೆ, ನಿಂಬೆರಸ, ಮೆಣಸಿನ ಪುಡಿ ಹಾಕಿ ನಯವಾಗಿ ಮಸೆಯುವುದು. ಮಿಷಿನು ಕೂರಿಸಲು ಬಂದಿದ್ದ ಪರದೇಶದ ಎಂಜಿನಿಯರೊಬ್ಬನ ಹೆಂಡತಿ ಕಲಿಸಿಕೊಟ್ಟದ್ದು. ಆಕೆ ಊರಿಗೆ ಹೋಗಿ ಮೂರು ವರ್ಷವಾದರೂ ಅಡುಗೆಮನೆಯಲ್ಲಿ ಅದರ ಹೆಸರು ದೊರೆಸಾನಿ ಬಜ್ಜಿ. ಗೆಸ್ಟ್ ಹೌಸಿನ ಗ್ಯಾಸ್ ಒಲೆಯಲ್ಲಿ ಹೊಗೆ ಎಲ್ಲಿಂದ ಬರಬೇಕು? ಅದಕ್ಕೇ ನರಸಮ್ಮ ಮನೆಯಲ್ಲೇ ಮಾಡಿ ಹತ್ತು ಗಂಟೆಯ ಬಸ್ಸಿಗೆ ಒಯ್ಯುತ್ತಿದ್ದಳು.

"ಶುಕ್ರವಾರ ಮೀನಿನ ಹೊಗೆ, ಶನಿವಾರ ಮೀನಿನ ನಾತ," ಪಡಸಾಲೆಯಿಂದ ಅತ್ತೆ ಮುನಿಗಂಗಮ್ಮನ ದನಿ ಬಂತು. "ತಿಮ್ಮಪ್ಪ ದೇವ್ರೇ ಈ ಮನೆ ಬಾಗ್ಲಿಗೆ ಬಂದ್ರೂ ಮೂಗು ಮುಚ್ಕೊಂಡು ವಾಪಸ್ ಹೋಗ್ಬುಡ್ತಾನೆ."

"ಬಂದ್ರೆ ಕೂರ್ಸಿ ಮಜ್ಜಿಗೆ ಕೊಡಿ ಅತ್ತೆ. ಎಂಗೂ ಬಾಗ್ಲಲ್ಲಿ ನೀವೇ ಇರ್ತೀರಲ್ಲ."

ಮೊದಲಿನ ದಿನಗಳಾಗಿದ್ದರೆ ಈ ಮಾತಿಗೆ ಹಿತ್ತಲ ಗೋಡೆಯ ಕಡೆಯಿಂದ ಕಿಸಕ್ಕೆಂದು ನಗೆ ಕೇಳಬೇಕಿತ್ತು. ಅಲ್ಲಿ ಮಗಳು ಅಂಜಮ್ಮ ಹುಣಸೆಹಣ್ಣಿನ ಬೀಜ ತೆಗೆಯುತ್ತ ಕೂತಿದ್ದಳು. ಹದಿನಾಲ್ಕು ವರ್ಷ. ದಾವಣಿಯ ಸೆರಗಿನಿಂದ ಬಾಯಿ ಮುಚ್ಚಿಕೊಂಡಿದ್ದಳು. ನಗಲಿಲ್ಲ.

ಆ ಸೆರಗಿನ ಹಿಂದೆ ತುಟಿಯ ಅಂಚಿನಲ್ಲಿ ಕಡಲೆಕಾಳಿನಷ್ಟು ಬಿಳಿ ಇತ್ತು. ಬಲಗೈಯ ಎರಡು ಬೆರಳ ತುದಿಯಲ್ಲೂ ಇತ್ತು. ಅದು ಕಂಡು ಎರಡು ವರ್ಷ. ಕೃಷ್ಣಗಿರಿಯ ಲೇಡಿ ಡಾಕ್ಟರು ಬೆರಳುಗಳನ್ನು ತಮ್ಮ ಕೈಯಲ್ಲೇ ಹಿಡಿದು ತಿರುಗಿಸಿ ನೋಡಿ, ಇದು ತಿಂದದ್ದರಿಂದ ಬರುವುದಲ್ಲ, ಒಬ್ಬರಿಂದ ಒಬ್ಬರಿಗೆ ಅಂಟುವುದೂ ಇಲ್ಲ ಎಂದು ತಮಿಳಿನಲ್ಲಿ ಎರಡು ಸಲ ಹೇಳಿದ್ದರು. ಆದರೆ ಡಾಕ್ಟರು ಕೃಷ್ಣಗಿರಿಯಲ್ಲಿದ್ದರು, ಮುನಿಗಂಗಮ್ಮ ಮನೆಯಲ್ಲಿದ್ದಳು. ಮೀನು ತಿಂದ ಬಾಯಿಗೆ ಹಾಲು ಸೋಕಿದರೆ ತೊನ್ನು ಎಂಬುದು ಆಕೆಗೆ ಅವಳಜ್ಜಿ ಹೇಳಿದ ಮಾತು. ಅಂದಿನಿಂದ ಅಂಜಮ್ಮನಿಗೆ ಬೇರೆ ತಟ್ಟೆ, ಬೇರೆ ಲೋಟ. ಅವು ಒಳಗಿನ ಗೂಡಿನಲ್ಲಿ ಇರುತ್ತಿರಲಿಲ್ಲ, ಹಿತ್ತಲ ಬಾಗಿಲ ಮೇಲಿನ ಗೂಡಿನಲ್ಲಿ ಇರುತ್ತಿದ್ದವು. ನರಸಮ್ಮನ ಗಂಡ ಸೊಣ್ಣಪ್ಪ ಒಂದೆರಡು ಸಲ, "ಇದ್ಯಾಕಮ್ಮ ಇಂಗೆ?" ಎಂದು ತಾಯಿಯನ್ನು ಕೇಳಿ, ಉತ್ತರ ಕೇಳಿ, ಹೊಲಕ್ಕೆ ಹೋಗಿಬಿಟ್ಟಿದ್ದ. ಶಾಲೆಯನ್ನು ಮಾತ್ರ ಅಂಜಮ್ಮ ತಾನೇ ಬಿಟ್ಟಳು.

ಮಗಳು ಮತ್ತೆ ಎಲ್ಲರ ಸಾಲಿನಲ್ಲಿ ಕೂತು ಉಣ್ಣಬೇಕು. ನರಸಮ್ಮನಿಗೆ ಬೇರೆ ಆಸೆ ಇರಲಿಲ್ಲ. ಆದರೆ ಅದನ್ನು ಅತ್ತೆಯ ಮುಂದೆ ಗಟ್ಟಿಯಾಗಿ ಹೇಳಲು ಬಾಯಿ ಬರುತ್ತಿರಲಿಲ್ಲ. ಯಾಕೆಂದರೆ ಮಗಳ ನಾಲಿಗೆಗೆ ಆ ಬಜ್ಜಿ ಹಚ್ಚಿದವಳು ಅವಳೇ.

ಅದು ನಾಲ್ಕು ವರ್ಷದ ಹಿಂದಿನ ಮಾತು. ಅಂಜಮ್ಮ ಟೈಫಾಯ್ಡಿನಿಂದ ಎದ್ದಿದ್ದಳು. ಏನು ಕೊಟ್ಟರೂ ಬಾಯಿ ಕಹಿ ಎನ್ನುತ್ತಿದ್ದಳು. ದೊರೆಸಾನಿಗೆ ಯಾರೋ ಹೇಳಿರಬೇಕು, ಒಂದು ಗಾಜಿನ ಸೀಸೆಯಲ್ಲಿ ಬಜ್ಜಿ ತುಂಬಿ, ಮಗುವಿಗೆ ಎಂದು ಸನ್ನೆ ಮಾಡಿ ಕೊಟ್ಟಳು. ಆಕೆಯ ಸ್ವಂತ ಮಕ್ಕಳೇ ಅದನ್ನು ತಿಂದು ಸೇಬಿನ ಹಾಗೆ ಇದ್ದವು. ನರಸಮ್ಮ ಮನೆಗೆ ತಂದು ಬೆರಳಿನಿಂದ ತೆಗೆದು ಮಗಳ ನಾಲಿಗೆಗೆ ಇಟ್ಟಳು. ಹುಡುಗಿ ಚಪ್ಪರಿಸಿ, "ಇನ್ನೊಂದ್ಕಿತ ಅಮ್ಮ," ಎಂದಳು. ಮೂರು ದಿನದಲ್ಲಿ ಸೀಸೆ ಖಾಲಿಯಾಯಿತು. ನರಸಮ್ಮ ಮಾತ್ರ ತಿನ್ನಲಿಲ್ಲ. ಮೊದಲ ದಿನ ಶನಿವಾರ, ತಿಮ್ಮಪ್ಪನ ದಿನ, ಆ ದಿನ ಅವಳು ಮೀನು ಮಾಂಸ ಬಾಯಿಗಿಡುವುದಿಲ್ಲ. ಆಮೇಲೆ ಭಾನುವಾರ, ಸೋಮವಾರ. ಆ ಎರಡು ದಿನ ತಿನ್ನದಿದ್ದುದಕ್ಕೆ ಕಾರಣ ಮೀನು-ಹಾಲಿನ ಆ ಮಾತಿನ ಭಯ. ಅದನ್ನು ಅವಳು ಯಾರಿಗೂ ಹೇಳಿರಲಿಲ್ಲ. ಅಂದಿನಿಂದ ಇಂದಿನವರೆಗೆ ನೂರಾರು ಜನರಿಗೆ ಆ ಬಜ್ಜಿ ಮಾಡಿಕೊಟ್ಟಿದ್ದಳು, ಒಂದು ಸಲವೂ ರುಚಿ ನೋಡಿರಲಿಲ್ಲ.

ಶನಿವಾರ ಬೆಳಿಗ್ಗೆ ನರಸಮ್ಮ ಹಿತ್ತಲಲ್ಲೇ ಚಾಪೆ ಹಾಸಿ, ತಣ್ಣಗಾದ ಮೀನುಗಳನ್ನು ಬಿಡಿಸಲು ಕೂತಳು. ಚರ್ಮ ಬಂಗಾರದ ಬಣ್ಣಕ್ಕೆ ತಿರುಗಿತ್ತು, ಎಳೆದರೆ ಕಾಗದದ ಹಾಗೆ ಬಂತು. ಕೊರಮೀನಿನಲ್ಲಿ ಮುಳ್ಳು ಕಡಿಮೆ, ಆದರೆ ಇರುವುದು ಸೂಜಿಯಂಥದ್ದು. ಅವಳ ಕಣ್ಣು ಈಚೆಗೆ ಮಂಜಾಗಿತ್ತು. ಹಿಂದಿನ ಸಲ ಇಬ್ಬರು ಅತಿಥಿಗಳ ಬಾಯಿಗೆ ಮುಳ್ಳು ಸಿಕ್ಕಿ, ಗೆಸ್ಟ್ ಹೌಸ್ ನೋಡಿಕೊಳ್ಳುವ ಶ್ಯಾಮಣ್ಣ, "ನರಸಮ್ಮ, ಇನ್ನೊಂದ್ಸಲ ಇಂಗಾದ್ರೆ ನಿನ್ ಬಜ್ಜಿ ಮೇಜಿಗೆ ಬರಲ್ಲ, ನೋಡು," ಎಂದಿದ್ದ.

ಅವಳು ಒಂದು ಚೂರನ್ನು ಬೆಳಕಿಗೆ ಹಿಡಿದಳು. ಹತ್ತಿರ ತಂದಳು, ದೂರ ಹಿಡಿದಳು.

"ಅದ್ರಲ್ಲಿ ಎರಡವೆ," ಗೋಡೆಯ ಕಡೆಯಿಂದ ಅಂಜಮ್ಮ ಹೇಳಿದಳು.

"ಎಲ್ಲೇ?"

"ನಿನ್ನ ಎಬ್ಬೆಟ್ಟಿನ ಪಕ್ಕ. ಇನ್ನೊಂದು ಕೆಳ್ಗಡೆ."

"ಅಲ್ಲಿಂದ ಹೇಳೋಕಿಂತ ಬಂದು ತೆಗೀಬಾರ್ದಾ?"

ಹುಡುಗಿ ಕೈಯನ್ನು ಲಂಗದ ಮಡಿಕೆಯಲ್ಲಿ ಅಡಗಿಸಿಕೊಂಡಳು. ಅಷ್ಟರಲ್ಲಿ ಮುನಿಗಂಗಮ್ಮ ಕೋಲೂರಿಕೊಂಡು ಹಿತ್ತಲ ಬಾಗಿಲಿಗೆ ಬಂದು ಹೊಸ್ತಿಲ ಮೇಲೆ ಕೂತಿದ್ದಳು. "ಆ ಕೈಲಿ ಬ್ಯಾಡ ಕಣೇ," ಎಂದಳು. ಸಿಟ್ಟಿನಿಂದ ಹೇಳಿದ್ದಲ್ಲ, ಮಳೆ ಬರುವಂಗಿದೆ ಎಂದ ಹಾಗೆ ಹೇಳಿದಳು. "ನಾಲ್ಕು ಜನ ತಿನ್ನೋ ಪದಾರ್ಥ."

ನರಸಮ್ಮ ಎದ್ದು ಹೋಗಿ ಮಗಳ ಕೈಯನ್ನು ಲಂಗದಿಂದ ಹೊರಗೆ ತೆಗೆದಳು. ಚೊಂಬಿನ ನೀರು ಹುಯ್ದು, ಸೀಗೆಪುಡಿ ಹಾಕಿ, ಒಂದೊಂದೇ ಬೆರಳು ತೊಳೆದಳು, ಚಿಕ್ಕಂದಿನಲ್ಲಿ ತೊಳೆಯುತ್ತಿದ್ದ ಹಾಗೆ. ಬಿಳಿ ತುದಿಯ ಬೆರಳುಗಳನ್ನು ಇನ್ನೂ ಸ್ವಲ್ಪ ಹೆಚ್ಚು ಹೊತ್ತು ಹಿಡಿದುಕೊಂಡಳು. ಕರೆತಂದು ಚಾಪೆಯ ಮೇಲೆ ಕೂರಿಸಿದಳು.

"ಡಾಕ್ಟ್ರಮ್ಮ ಈ ಕೈ ಹಿಡ್ಕೊಂಡೇ ಮಾತಾಡಿದ್ರು ಅತ್ತೆ. ಆಮ್ಯಾಲೆ ಅದೇ ಕೈಲಿ ಬರ್ಕೊಂಡ್ರು, ಕಾಫೀನೂ ಕುಡುದ್ರು. ನಾನು ನೋಡ್ದೆ."

"ಡಾಕ್ಟ್ರಮ್ಮಂಗೇನು, ನಮ್ಮನೇಲಿ ಉಣ್ತಾಳಾ?"

ನರಸಮ್ಮ ಮೀನನ್ನು ಮಗಳ ಮುಂದೆ ಸರಿಸಿದಳು. ಅಂಜಮ್ಮ ಮೊದಮೊದಲು ಹೆದರುತ್ತ, ಆಮೇಲೆ ಮೈಮರೆತು ಮುಳ್ಳು ತೆಗೆದಳು. ಬಾಳೆಎಲೆಯ ತುಂಡಿನ ಮೇಲೆ ಮುಳ್ಳುಗಳನ್ನು ಸಾಲಾಗಿ ಜೋಡಿಸಿದಳು. ಎಷ್ಟೋ ತಿಂಗಳಾದ ಮೇಲೆ ಸೆರಗು ಬಾಯಿಂದ ಜಾರಿತ್ತು, ಅದು ಅವಳಿಗೆ ಗೊತ್ತಾಗಲಿಲ್ಲ. ನರಸಮ್ಮ ನೋಡಿದಳು.

ಕಲ್ಲುಮರಿಗೆಗೆ ಮೀನು ಬಿತ್ತು. ನರಸಮ್ಮ ಮರದ ಸೌಟಿನಿಂದ ಮಸೆಯುತ್ತ ಹೋದಳು. ಮನೆ ಎಮ್ಮೆಯ ಬೆಣ್ಣೆ, ಎರಡು ದಿನದ ಕೆನೆ, ನಿಂಬೆರಸ, ಮೆಣಸಿನ ಪುಡಿ. ನಾರುನಾರಾಗಿದ್ದದ್ದು ಕರಗಿ ಕರಗಿ, ಸೌಟಿಗೆ ಅಂಟದ ಹಾಗೆ ನುಣ್ಣಗಾಯಿತು. ಹೊಗೆಯ ವಾಸನೆಗೆ ಬೆಣ್ಣೆಯ ವಾಸನೆ ಸೇರಿತು.

"ಉಪ್ಪು?" ಅಂಜಮ್ಮ ಕೇಳಿದಳು.

"ಮೀನನ್ನ ಉಪ್ಪುನೀರಲ್ಲಿ ನೆನ್ಸಿರ್ತೀನಲ್ಲ, ಅಷ್ಟು ಸಾಕು."

"ದೊರೆಸಾನಿ ಡಬ್ಬಿ ಬೆಣ್ಣೆ ಹಾಕ್ತಿದ್ಲು ಅಂತ ನೀನೇ ಅಂದಿದ್ದೆ, ಅದ್ರಲ್ಲಿ ಉಪ್ಪಿರ್ತದೆ. ನೀನು ಮನೆ ಬೆಣ್ಣೆ ಹಾಕ್ತೀಯ. ನಾಲಿಗೆಗೆ ಇಟ್ಟು ನೋಡ್ದೆ ಎಂಗೆ ಗೊತ್ತಾಯ್ತದೆ?"

"ಇವತ್ತು ಶನಿವಾರ ಅಲ್ವಾ."

"ನಾನು ನೋಡ್ತೀನಿ ಬಿಡು," ಎಂದು ಅಂಜಮ್ಮ ಬೆರಳು ಚಾಚಿದಳು. "ನನ್ಗಿನ್ನೇನು ಬರ್ಬೇಕು? ಬಂದಿದ್ದು ಬಂದಾಯ್ತು."

ನರಸಮ್ಮ ಆ ಕೈಯನ್ನು ಗಾಳಿಯಲ್ಲೇ ಹಿಡಿದಳು. ಮಗಳು ಅವಳನ್ನು ನೋಡಿದಳು. ಆ ನೋಟದಲ್ಲಿ ಸಿಟ್ಟಿರಲಿಲ್ಲ. ಸಿಟ್ಟಿದ್ದಿದ್ದರೆ ತಡೆದುಕೊಳ್ಳಬಹುದಿತ್ತು.

"ಅವತ್ತೂ ನೀನು ತಿನ್ಲಿಲ್ಲ ಅಮ್ಮ," ಅಂಜಮ್ಮ ಮೆಲ್ಲಗೆ ಹೇಳಿದಳು. "ನನ್ಗೆ ಕೊಟ್ಟೆ. ನೀನು ತಿನ್ಲಿಲ್ಲ."

ನಾಲ್ಕು ವರ್ಷದಿಂದ ಈ ಮಾತು ಮಗಳ ಒಳಗಿತ್ತು ಎಂದು ನರಸಮ್ಮನಿಗೆ ಈಗ ತಿಳಿಯಿತು. ಬೇರೆ ತಟ್ಟೆಗಿಂತ, ಬೇರೆ ಲೋಟಕ್ಕಿಂತ ಇದೇ ಅವಳನ್ನು ಗೋಡೆಯ ಪಕ್ಕ ಕೂರಿಸಿತ್ತೇನೋ.

"ಊಂ," ಎಂದಳು ನರಸಮ್ಮ. "ತಿನ್ಲಿಲ್ಲ. ಮೊದಲ್ನೇ ದಿನ ದೇವ್ರು ಅಂದೆ. ಆಮ್ಯಾಲೆ ಎರಡು ದಿನ ನನ್ಗೆ ಭಯ ಆಗಿತ್ತು ಕಣಮ್ಮ. ನಿನ್ಗೆ ಕೊಡೋವಾಗ ಆ ಭಯ ಎಲ್ಲಿ ಹೋಗಿತ್ತೋ, ನನ್ಗೇ ಗೊತ್ತಿಲ್ಲ. ನಿನ್ನ ಬಾಯಿಗೆ ರುಚಿ ಬಂದ್ರೆ ಸಾಕಾಗಿತ್ತು."

ಅವಳು ಮರಿಗೆಗೆ ಕೈ ಹಾಕಿದಳು. ಬೆರಳ ತುದಿಯಲ್ಲಲ್ಲ, ಮುದ್ದೆ ಮುರಿಯುವಷ್ಟು ತೆಗೆದುಕೊಂಡಳು.

"ಏಯ್! ಶನಿವಾರ ಕಣೇ ಇವತ್ತು!" ಮುನಿಗಂಗಮ್ಮ ಕೋಲು ಕುಟ್ಟಿದಳು. "ಮೀನಿಗೆ ಕೆನೆ ಬೆರ್ತದೆ! ಬುದ್ಧಿಗಿದ್ದಿ ಕೆಟ್ಟದಾ ನಿನ್ಗೆ?"

"ತಿಮ್ಮಪ್ಪ ಕೇಳಿದ್ರೆ ನಾನೇ ಹೇಳ್ಕೊಂತೀನಿ ಅತ್ತೆ. ನೀವು ನನ್ನ ಮೈ ನೋಡ್ತಾ ಇರಿ. ದಿನಾ ನೋಡಿ. ಮುಂದಿನ ಶನಿವಾರಾನೂ ತಿಂತೀನಿ, ಅದರಾಚೆ ಶನಿವಾರಾನೂ ತಿಂತೀನಿ. ಬಂದ್ರೆ ನನ್ಗೂ ಬರ್ಲಿ, ಇಬ್ರೂ ಅದೇ ಗೂಡಲ್ಲಿ ತಟ್ಟೆ ಇಟ್ಕೊಂತೀವಿ. ಬರ್ಲಿಲ್ಲ ಅಂದ್ರೆ, ನನ್ನ ಮಗಳ ತಟ್ಟೆ ಒಳಗೆ ಬರ್ಬೇಕು."

ಬಾಯಿಗಿಟ್ಟಳು. ನಾಲಿಗೆ ಮೊದಲು ಹೆದರಿತು. ಆಮೇಲೆ ಹೊಗೆ, ಬೆಣ್ಣೆ, ಹುಳಿ ಒಂದಾದ ಮೇಲೊಂದು ಬಂದವು. ಅವಳು ನುಂಗಿದಳು. ಕಣ್ಣಲ್ಲಿ ನೀರು ತುಂಬಿಕೊಂಡಿತ್ತು. ಸೆರಗಿನಿಂದ ಒರೆಸಿಕೊಂಡಳು.

"ಎಂಗದೆ?" ಅಂಜಮ್ಮ ಕೇಳಿದಳು.

"ಉಪ್ಪೇ ಇಲ್ಲ ಕಣೇ," ಎಂದಳು ನರಸಮ್ಮ. "ಅಯ್ಯೋ ನಮ್ಮಪ್ಪ, ಮೂರು ವರ್ಷದಿಂದ ಇದನ್ನ ಎಂಗೆ ತಿಂದ್ರು ಆ ಜನ!"

ಆಗ ಅಂಜಮ್ಮ ನಕ್ಕಳು. ತುಟಿಯ ಬಿಳಿಯೂ ಜೊತೆಗೆ ನಕ್ಕಿತು. ಎದ್ದು ಹೋಗಿ ಒಳಗಿನಿಂದ ಉಪ್ಪಿನ ಮರಿಗೆ ತಂದಳು. ಅಜ್ಜಿಯ ಕಾಲ ಪಕ್ಕದಲ್ಲೇ ಹೊಸ್ತಿಲು ದಾಟಿ ಹೋದಳು, ಹಾಗೇ ಬಂದಳು. ಮುನಿಗಂಗಮ್ಮ ಕಾಲು ಮಡಿಚಿಕೊಂಡಳು.

ಅಂದು ಮಧ್ಯಾಹ್ನ ಗೆಸ್ಟ್ ಹೌಸಿನ ಮೇಜಿನಿಂದ ಪಿಂಗಾಣಿ ಬಟ್ಟಲು ಖಾಲಿಯಾಗಿ ಬಂತು. "ಒಂದು ಮುಳ್ಳಿಲ್ಲ ನರಸಮ್ಮ," ಎಂದ ಶ್ಯಾಮಣ್ಣ. "ಉಪ್ಪಿನ ಡಬ್ಬೀನೂ ಯಾರೂ ಮುಟ್ಲಿಲ್ಲ. ಏನು ಮಾಡ್ದೆ ಇವತ್ತು?"

"ನಾನೇನೂ ಮಾಡ್ಲಿಲ್ಲಣ್ಣ. ಮುಳ್ಳು ತೆಗೆದೋಳು ನನ್ನ ಮಗಳು, ಅಂಜಮ್ಮ," ಎಂದಳು. ಮಗಳ ಹೆಸರನ್ನು ಹೊರಗಿನವರ ಮುಂದೆ ಹೇಳಿ ಎಷ್ಟೋ ದಿನವಾಗಿತ್ತು.

ಅದಾದ ಮೇಲೆ ಮುನಿಗಂಗಮ್ಮ ದಿನಾ ಬೆಳಿಗ್ಗೆ ಸೊಸೆಯನ್ನು ಕರೆದು ಬಿಸಿಲಿಗೆ ನಿಲ್ಲಿಸಿ ನೋಡುತ್ತಿದ್ದಳು. ತುಟಿ, ಕತ್ತು, ಬೆರಳ ತುದಿ. ನರಸಮ್ಮ ಒಲೆ ಮೇಲೆ ಎಸರಿಟ್ಟು ಬಂದಿದ್ದರೂ ಸುಮ್ಮನೆ ನಿಲ್ಲುತ್ತಿದ್ದಳು. ಶನಿವಾರಗಳು ಬಂದವು, ಹೋದವು. ಒಂದೊಂದರಲ್ಲೂ ಅವಳು ತಿಂದಳು. ಅಂಜಮ್ಮನ ಬಿಳಿ ಹಾಗೇ ಇತ್ತು, ಹೆಚ್ಚಲಿಲ್ಲ, ಹೋಗಲೂ ಇಲ್ಲ. ನರಸಮ್ಮನ ಮೈಯಲ್ಲಿ ಒಲೆಯ ಕಿಡಿ ಸಿಡಿದ ಕಲೆ ಬಿಟ್ಟರೆ ಬೇರೇನೂ ಕಾಣಲಿಲ್ಲ. ತಟ್ಟೆ ಮಾತ್ರ ಹಿತ್ತಲ ಗೂಡಿನಲ್ಲೇ ಇತ್ತು. ನರಸಮ್ಮ ಮತ್ತೆ ಕೇಳಲಿಲ್ಲ. ಕಾಯುವುದು ಅವಳಿಗೆ ಗೊತ್ತಿತ್ತು.

ಯುಗಾದಿ ಬಂತು. ಮರುದಿನ ಹೊಸತೊಡಕು, ಮನೆಮನೆಯಲ್ಲೂ ಬಾಡಿನ ವಾಸನೆ. ಆವುಲಪ್ಪ ಕೆರೆ ಮೀನು ಕೊಟ್ಟಿದ್ದರಿಂದ ನರಸಮ್ಮ ಮೀನಿನ ಸಾರು ಮಾಡಿದ್ದಳು. ಸೊಣ್ಣಪ್ಪನೂ ಅವನ ತಾಯಿಯೂ ನಡುಮನೆಯಲ್ಲಿ ಕೂತಿದ್ದರು. ಅಂಜಮ್ಮ ಎಂದಿನಂತೆ ಹಿತ್ತಲ ಬಾಗಿಲ ಬಳಿ ತಟ್ಟೆ ಇಟ್ಟುಕೊಂಡಿದ್ದಳು.

ಮುನಿಗಂಗಮ್ಮ ತಟ್ಟೆಯಲ್ಲಿದ್ದ ಮೀನನ್ನು ಬೆರಳಿನಿಂದ ಸವರಿ ನೋಡಿದಳು. ಹತ್ತಿರ ತಂದಳು, ದೂರ ಹಿಡಿದಳು. ಆಮೇಲೆ ತಟ್ಟೆಯನ್ನು ನೆಲದ ಮೇಲೆ ಹಿತ್ತಲ ಬಾಗಿಲ ಕಡೆಗೆ ತಳ್ಳಿದಳು.

"ಏ ಅಂಜೀ, ಬಾ ಇಲ್ಲಿ. ನಿನ್ನ ತಟ್ಟೇನೂ ತಗೊಂಬಾ," ಎಂದಳು, ಯಾರ ಮುಖವನ್ನೂ ನೋಡದೆ. "ಮುಳ್ಳು ಕಾಣ್ಸಲ್ಲ ನನ್ಗೆ. ಬಿಡ್ಸಿ ಕೊಡು."

ಅಂಜಮ್ಮ ಬಂದು ಅಜ್ಜಿಯ ಪಕ್ಕ ಕೂತಳು. ಬಿಳಿ ತುದಿಯ ಬೆರಳುಗಳಿಂದ ಮೀನನ್ನು ಬಿಡಿಸಿ, ಮುಳ್ಳು ತೆಗೆದು, ಅಜ್ಜಿಯ ಮುದ್ದೆಯ ಪಕ್ಕಕ್ಕೆ ಇಟ್ಟಳು. ಮುನಿಗಂಗಮ್ಮ ಸ್ವಲ್ಪ ಹೊತ್ತು ಅದನ್ನೇ ನೋಡುತ್ತಿದ್ದಳು. ಆಮೇಲೆ ತೆಗೆದು ಬಾಯಿಗೆ ಹಾಕಿಕೊಂಡಳು.

ನರಸಮ್ಮ ಸಾರಿನ ಪಾತ್ರೆ ಹಿಡಿದು ನಿಂತೇ ಇದ್ದಳು.

"ನೀನೂ ಕೂತ್ಕೊಳ್ಳೇ," ಎಂದಳು ಅತ್ತೆ. "ಆರೋಗ್ತದೆ."